ಹಾಡುವ ಬಾದಶಹ, ಜೇಬಿಲ್ಲದ ಅಂಗಿ

ಮುಖಕ್ಕೆ ಬಣ್ಣ ಬಳಿದುಕೊಂಡು, ಮೈಮೇಲೆ ಲೈಟು ಬೀಳಿಸಿಕೊಂಡು, ಸಾವಿರ ಜನರ ಎದುರು ದೇವರ ಹೆಸರು ಹಾಡುವವರ ಭಕ್ತಿ ಖರೆಯೋ, ನಾಟಕವೋ? ಓದಿದವರಿಗೆ ಈ ಪ್ರಶ್ನೆ ಪುಸ್ತಕದಿಂದ ಬರಬಹುದು. ನನಗೆ ಬಂದದ್ದು ಸ್ಟೇಜಿನ ಮಗ್ಗುಲಲ್ಲಿ ಆಂಪ್ಲಿಫೈಯರ್ ಇಟ್ಟುಕೊಂಡು ಕೂತ ಜಾಗದಿಂದ. ವಿಜಯಪುರದ ಜಲನಗರದಲ್ಲಿ ನನ್ನದೊಂದು ಮೈಕ್‌ಸೆಟ್ ಅಂಗಡಿ. ಮದುವೆ, ಗಣಪತಿ, ಉರುಸು, ಶ್ರಾವಣದ ಪುರಾಣ, ಸಂಕ್ರಾಂತಿಯ ಸಿದ್ಧೇಶ್ವರ ಜಾತ್ರೆ, ನಡುವೆ ಚುನಾವಣೆ. ಎಲ್ಲಕ್ಕೂ ಅದೇ ಹಾರ್ನು, ಅದೇ ಬಾಕ್ಸು, ಅದೇ ವೈರು. ಎದುರಿಗೆ ಕೂತವರಿಗೆ ಹಾಡುಗಾರನ ಮುಖವಷ್ಟೇ ಕಾಣುತ್ತದೆ. ನನಗೆ ಅವನ ಮಗ್ಗುಲೂ ಕಾಣುತ್ತದೆ, ಬೆನ್ನೂ ಕಾಣುತ್ತದೆ, ಸ್ಟೇಜು ಇಳಿದ ಮೇಲೆ ಅವನು ಏನಾಗುತ್ತಾನೆ ಅನ್ನುವುದೂ ಕಾಣುತ್ತದೆ.

ಈ ಪ್ರಶ್ನೆಗೆ ನಮ್ಮ ಊರಿನಲ್ಲೇ ಒಬ್ಬ ದೊಡ್ಡ ಆಸಾಮಿ ಇದ್ದಾನೆ. ಪ್ರವಾಸಿಗರು ಗೋಳಗುಮ್ಮಟ ನೋಡಿ, ಅಲ್ಲಿ ಕೂಗಿ, ಪ್ರತಿಧ್ವನಿ ಎಣಿಸಿ ಹೋಗುತ್ತಾರೆ. ಅದರ ಒಡೆಯ ಮಹಮ್ಮದ್ ಆದಿಲ್‌ಶಹ. ನಾನು ಹೇಳುತ್ತಿರುವುದು ಅವನ ಅಪ್ಪನ ಮಾತು: ಎರಡನೇ ಇಬ್ರಾಹಿಂ ಆದಿಲ್‌ಶಹ. 1580ರಲ್ಲಿ, ಇನ್ನೂ ಒಂಬತ್ತು ವರ್ಷದ ಹುಡುಗನಿದ್ದಾಗ ಗಾದಿಗೆ ಬಂದ. ಚಾಂದಬೀಬಿ ಅವನ ಪರವಾಗಿ ರಾಜ್ಯದ ಲಗಾಮು ಹಿಡಿದಿದ್ದಳು. ಮುಂದೆ 1627ರವರೆಗೆ ಆಳಿದ. ಆಳಿದ ಅನ್ನುವುದಕ್ಕಿಂತ ಹಾಡಿದ ಅನ್ನಬೇಕು. ದಖನಿ ಭಾಷೆಯಲ್ಲಿ ‘ಕಿತಾಬ್-ಎ-ನೌರಸ್’ ಅಂತ ಹಾಡಿನ ಪುಸ್ತಕವನ್ನೇ ಬರೆದ. 59 ಹಾಡು, 17 ದೋಹೆ, ಹಾಡುಗಳಿಗೆ ಇಂಥದೇ ರಾಗ ಅಂತ ಗೊತ್ತುಮಾಡಿ. ಸರಸ್ವತಿಗೆ ಕೈಮುಗಿದು ಪುಸ್ತಕ ಶುರುಮಾಡುತ್ತಾನೆ. ಅದೇ ಪುಸ್ತಕದಲ್ಲಿ ಪ್ರವಾದಿಗೆ ನಮಸ್ಕಾರ ಇದೆ, ಕಲಬುರಗಿಯ ಬಂದೇನವಾಜರಿಗೆ ನಮಸ್ಕಾರ ಇದೆ, ಶಿವ, ಭೈರವ, ಗಣಪತಿ ಎಲ್ಲರೂ ಇದ್ದಾರೆ. ಗಣಪತಿ ತನ್ನ ತಂದೆ, ಸರಸ್ವತಿ ತನ್ನ ತಾಯಿ ಅಂತ ಹೇಳಿಕೊಂಡ. ಜನ ಅವನನ್ನು ಜಗದ್ಗುರು ಬಾದಶಹ ಅಂತ ಕರೆದರು.

ಇವನ ಥಾಟು ಏನು ಕಡಿಮೆ ಇರಲಿಲ್ಲ. ತಂಬೂರಿಗೆ ಮೋತಿಖಾನ್ ಅಂತ ಹೆಸರಿಟ್ಟಿದ್ದ. ಅದರ ಮೇಲೂ ಹಾಡು ಕಟ್ಟಿದ. ಆತಿಶ್‌ಖಾನ್ ಅನ್ನುವ ಆನೆಯ ಮೇಲೂ ಕಟ್ಟಿದ. ತನ್ನ ರಾಣಿ ಚಾಂದ್ ಸುಲ್ತಾನಳ ಮೇಲಂತೂ ಕಟ್ಟಿಯೇ ಕಟ್ಟಿದ. ಅವನ ಪುಸ್ತಕದ ಹೆಸರು ನೌರಸ್, ಕಟ್ಟಿಸಲು ಹೊರಟ ಊರು ನೌರಸಪುರ, ಮಾಡಿಸಿದ ಹಬ್ಬವೂ ನೌರಸ್. ಲಂಡನ್ನಿನ ಬ್ರಿಟಿಷ್ ಮ್ಯೂಸಿಯಂನಲ್ಲಿ ಅವನದೊಂದು ಚಿತ್ರವಿದೆ. ಅದರ ಅಚ್ಚನ್ನು ನಮ್ಮ ಓಣಿಯ ನಿವೃತ್ತ ಇತಿಹಾಸ ಮಾಸ್ತರರು ನನಗೆ ತೋರಿಸಿದರು. ಎತ್ತರದ ಆಳು, ಪಾದದವರೆಗೆ ಇಳಿದ ನಿಲುವಂಗಿ, ಮೇಲೆ ಬಂಗಾರದ ಕೆಲಸದ ಶಾಲು. ನಾನು ಕಿರೀಟ, ಕಠಾರಿ ಹುಡುಕುತ್ತಿದ್ದೆ.

“ಕೈ ನೋಡೋ, ಕೈ” ಅಂದರು ಮಾಸ್ತರರು.

ಕೈಯಲ್ಲಿ ಚಿಟಿಕೆ! ನಮ್ಮ ಭಜನಿ ಮೇಳದವರು ಬೆರಳಿಗೆ ಸಿಗಿಸಿಕೊಂಡು ಬಾರಿಸುವಂಥ ಕಟ್ಟಿಗೆಯ ಚಿಟಿಕೆ. ದಖ್ಖನ್ನಿನ ದೊಡ್ಡ ರಾಜ್ಯವೊಂದರ ಒಡೆಯ ಚಿತ್ರ ಬರೆಸಿಕೊಳ್ಳಲು ನಿಂತಾಗ ಕತ್ತಿಯ ಬದಲು ತಾಳ ಹಿಡಿದು ನಿಂತಿದ್ದಾನೆ. ಇನ್ನೊಂದು ಚಿತ್ರ ಪ್ರಾಗ್ ಊರಿನಲ್ಲಿದೆಯಂತೆ. ಫರ್ರುಖ್ ಬೇಗ್ ಬರೆದದ್ದು. ಅದರಲ್ಲಿ ಬಾದಶಹ ಕೂತು ತಂಬೂರಿ ನುಡಿಸುತ್ತಿದ್ದಾನೆ. ಕೊರಳಿಗೆ ರುದ್ರಾಕ್ಷಿ ಹಾಕಿಕೊಂಡ ಚಿತ್ರಗಳೂ ಇವೆ ಅಂತ ಮಾಸ್ತರರು ಹೇಳಿದರು.

ಇವನ ಬಗ್ಗೆ ನಮ್ಮಲ್ಲಿ ಎರಡು ಥರದ ತೀರ್ಪು ತಯಾರಿರುತ್ತವೆ. ಒಂದು, ಇದೆಲ್ಲ ರಾಜಕೀಯ. ಹಿಂದೂ ಪ್ರಜೆಗಳನ್ನು ಒಲಿಸಿಕೊಳ್ಳಲು ಸರಸ್ವತಿ ಅಂದ. ಇನ್ನೊಂದು, ಇದೆಲ್ಲ ಶೋಕಿ; ಹೊಟ್ಟೆ ತುಂಬಿದ ರಾಜನಿಗೆ ದೇವರೂ ಒಂದು ಆಭರಣ. ಮೊದಲನೆಯದನ್ನು ನಾನು ಒಪ್ಪುವುದಿಲ್ಲ. ಪ್ರಜೆಗಳನ್ನು ಒಲಿಸಲು ಒಂದು ಗುಡಿಗೆ ಇನಾಮು ಬಿಟ್ಟರೆ ಸಾಕು. ವರ್ಷಗಟ್ಟಲೆ ಕೂತು ರಾಗ ತಿದ್ದಬೇಕಾಗಿಲ್ಲ. ಅವನು ಇಸ್ಲಾಂ ಬಿಟ್ಟವನೂ ಅಲ್ಲ. ಮಲಿಕ್ ಸಂದಲ್ ಅನ್ನುವ ಶಿಲ್ಪಿ ಕಟ್ಟಿದ ಇಬ್ರಾಹಿಂ ರೋಜಾಕ್ಕೆ ಹೋಗಿ ಗೋರಿಯ ಗೋಡೆ ನೋಡಿ: ಕುರಾನಿನ ಅಕ್ಷರಗಳನ್ನು ಕಲ್ಲಿನಲ್ಲಿ ಕೊರೆದು ಕಿಟಕಿಯ ಜಾಲರಿಯನ್ನೇ ಮಾಡಿದ್ದಾರೆ, ಬೆಳಕು ಅಕ್ಷರದ ಸಂದಿಯಿಂದ ಒಳಗೆ ಬರುತ್ತದೆ. ಆದರೆ ಎರಡನೆಯ ತೀರ್ಪು, ಶೋಕಿ ಅನ್ನುವುದು, ಅಷ್ಟು ಸುಲಭಕ್ಕೆ ಬಿಡುವಂಥದ್ದಲ್ಲ. ಅದನ್ನು ತಳ್ಳಿಹಾಕಬೇಕೆಂದರೆ ವೇಷಕ್ಕೂ ಭಕ್ತಿಗೂ ಏನು ಸಂಬಂಧ ಅಂತ ಮೊದಲು ತೀರ್ಮಾನ ಆಗಬೇಕು.

ಇದೇ ತಲೆಯಲ್ಲಿ ಇದ್ದಾಗ ತಮ್ಮನ ಮಗ ಪುಣೆಯಿಂದ ರಜೆಗೆ ಬಂದ. ಅವನದು ಮೊಬೈಲಿನಲ್ಲಿ ಜಗತ್ತಿನ ಗದ್ದಲವನ್ನೆಲ್ಲ ಕೇಳುವ ವಯಸ್ಸು.

“ಕಾಕಾ, ಈಕೀನ್ನ ನೋಡ್ರಿ ಒಂದ್ಸಲ” ಅಂತ ಫೋನು ಮುಂದೆ ಹಿಡಿದ.

ಒಬ್ಬಳು ಹೆಣ್ಣುಮಗಳು. ಕೂದಲು ಮುಗಿಲಿಗೆ ನಿಂತಿದೆ. ಕಣ್ಣಿನ ಸುತ್ತ ಕಪ್ಪು, ತುಟಿಗೆ ಕಡುಬಣ್ಣ, ಕಣ್ಣುಗುಡ್ಡೆ ತಿರುಗಿಸುತ್ತ, ಒಮ್ಮೆ ಗಂಟಲಾಳದಿಂದ ಗುರುಗುಟ್ಟಿ ಮರುಕ್ಷಣ ನಾಟಕದ ಹಾಡುಗಾರ್ತಿಯ ಹಾಗೆ ತಾರಸ್ಥಾಯಿಗೆ ಹಾರುತ್ತಾಳೆ.

“ಏನ್ ಅವತಾರಲೇ ಇದು ತಮ್ಮಾ!”

“ನೀನಾ ಹಾಗೆನ್ ಅಂತ ಕಾಕಾ, ಜರ್ಮನಿಯಾಕಿ. ಪಂಕ್ ರಾಕ್‌ಗೆ ದೊಡ್ಡಾಕಿ. ಈಕಿ ‘ಓಂ ನಮಃ ಶಿವಾಯ’ ಅಂತ ಒಂದು ಆಲ್ಬಮ್ಮೇ ಮಾಡ್ಯಾಳ.”

ಒಳಗಿನಿಂದ ನನ್ನ ವೈನಿ ಇಣುಕಿ ನೋಡಿ, “ಕೂದ್ಲಾ ಹೆಂಗರೆ ಇರ್ಲಿ ಬಿಡು, ದನಿ ಮಾತ್ರ ಗಟ್ಟಿ ಐತಿ” ಅಂದು ಒಲೆಯ ಕಡೆ ಹೋದರು.

ಪಂಕ್ ಅಂದರೆ ಏನು ಅಂತ ಹುಡುಗನನ್ನೇ ಕೇಳಿ ತಿಳಿದುಕೊಂಡೆ. 1970ರ ದಶಕದ ಮಧ್ಯದಲ್ಲಿ ನ್ಯೂಯಾರ್ಕ್, ಲಂಡನ್ ಕಡೆ ಎದ್ದ ಗಾಳಿ ಅದು. ಹರಿದ ಬಟ್ಟೆ, ಬಟ್ಟೆಗೆ ಪಿನ್ನು, ಮೂರು ಸ್ವರಮೇಳ ಬಂದರೆ ಸಾಕು ಸ್ಟೇಜು ಹತ್ತು ಅನ್ನುವ ಧೈರ್ಯ. ಕಲಿತವರಿಗೆ ಮಾತ್ರ ಹಾಡುವ ಹಕ್ಕು ಅನ್ನುವುದನ್ನು ಅವರು ಒಪ್ಪಲಿಲ್ಲ. ಆದರೆ ಈಕೆ ಕಲಿತವಳೇ. ಹುಟ್ಟಿದ್ದು 1955ರಲ್ಲಿ ಪೂರ್ವ ಬರ್ಲಿನ್‌ನಲ್ಲಿ. ದೇವರನ್ನು ಬದಿಗಿಟ್ಟು ನಡೆಯುವ ಕಮ್ಯುನಿಸ್ಟ್ ಸರ್ಕಾರದ ಕೆಳಗೆ. ತಾಯಿ ನಟಿ. ಮಲತಂದೆ ವೊಲ್ಫ್ ಬೀರ್ಮಾನ್ ಹಾಡು ಕಟ್ಟುವ ಕವಿ. ಸರ್ಕಾರಕ್ಕೆ ಎದುರು ಮಾತಾಡಿದ್ದಕ್ಕೆ 1976ರಲ್ಲಿ ಅವನನ್ನು ದೇಶದೊಳಗೆ ಬಿಟ್ಟುಕೊಳ್ಳಲಿಲ್ಲ. ಅವನ ಬೆನ್ನಿಗೆ ಇವಳೂ ಗಡಿ ದಾಟಿದಳು. 1978ರಲ್ಲಿ ತನ್ನ ಬ್ಯಾಂಡಿನ ಮೊದಲ ಆಲ್ಬಮ್ ತಂದಳು. 1981ರಲ್ಲಿ ಹುಟ್ಟಿದ ಮಗಳಿಗೆ ಕೋಸ್ಮಾ ಶಿವಾ ಅಂತ ಹೆಸರಿಟ್ಟಳು. ಕುಮಾವೂ ಬೆಟ್ಟದ ಹೈಡಾಖಾನ್ ಬಾಬಾಜಿಯ ಭಕ್ತಿಗೆ ಬಿದ್ದಳು. ಅಲ್ಲಿಯ ಮಂತ್ರ ನಮ್ಮದೇ ಪಂಚಾಕ್ಷರಿ. 1999ರಲ್ಲಿ ಆ ಆಲ್ಬಮ್ ಬಂತು. ಆಮೇಲೆ 2009ರಲ್ಲಿ ಚರ್ಚಿನಲ್ಲಿ ದೀಕ್ಷಾಸ್ನಾನ ಪಡೆದು ಕ್ರೈಸ್ತಳಾದಳು. ಮರುವರ್ಷವೇ ಏಸುವಿನ ಹಾಡುಗಳ ಆಲ್ಬಮ್ ತಂದಳು. ಕೂದಲು ಮಾತ್ರ ಹಾಗೇ ಮುಗಿಲಿಗೆ ನಿಂತಿತ್ತು.

“ಈಗ ಹೇಳ್ರಿ ಕಾಕಾ, ಈಕೀದು ಖರೇನೋ ಸುಳ್ಳೋ?” ಅಂದ ಹುಡುಗ.

ನಮ್ಮ ಭಾಗದಲ್ಲಿ ಇದಕ್ಕೆ ತಯಾರಾದ ಉತ್ತರ ಇದೆ: ವೇಷ ಡಾಂಭಿಕರದು. ಬಸವಣ್ಣನವರು ಹುಟ್ಟಿದ ಜಿಲ್ಲೆ ಇದು. ಬಾಗೇವಾಡಿ, ಇಂಗಳೇಶ್ವರ ನಮಗೆ ದೂರವೇನಲ್ಲ. ಶರಣರು ಹೊರಗಿನ ಲಾಂಛನ ನೋಡಿ ಮೋಸಹೋಗಬೇಡಿ ಅಂತ ಹೇಳಿಹೇಳಿ ನಮ್ಮ ತಲೆಯಲ್ಲಿ ಬಿತ್ತಿದ್ದಾರೆ. ಆದರೆ ಅದೇ ಶರಣರ ಸಾಲಿನಲ್ಲಿ ಬಹುರೂಪಿ ಚೌಡಯ್ಯ ಅಂತ ಒಬ್ಬನಿದ್ದ ಅನ್ನುವುದನ್ನು ನಾವು ಮರೆಯುತ್ತೇವೆ. ಅವನ ಕಾಯಕವೇ ವೇಷ. ಬಣ್ಣ ಹಚ್ಚಿ, ರೂಪ ಬದಲಿಸಿ, ಜನರ ಮುಂದೆ ಕುಣಿದು ಹೊಟ್ಟೆ ಹೊರೆಯುವವನು. ರೇಕಣ್ಣಪ್ರಿಯ ನಾಗಿನಾಥನ ಅಂಕಿತದಲ್ಲಿ ವಚನ ಬರೆದ. ಬಣ್ಣ ತೊಳೆದುಕೊಂಡು ಬಾ, ಆಮೇಲೆ ಶರಣ ಅನ್ನುತ್ತೇವೆ ಅಂತ ಕಲ್ಯಾಣದಲ್ಲಿ ಯಾರೂ ಅವನಿಗೆ ಅನ್ನಲಿಲ್ಲ. ಮಡಿವಾಳನ ಬಟ್ಟೆಗೆ, ಅಂಬಿಗನ ಹರಿಗೋಲಿಗೆ ಸಿಕ್ಕ ಮರ್ಯಾದೆ ಬಹುರೂಪಿಯ ಬಣ್ಣಕ್ಕೂ ಸಿಕ್ಕಿತು.

ಇದು ಸಣ್ಣ ಮಾತಲ್ಲ. ಶರಣರು ಬೈದದ್ದು ವೇಷವನ್ನಲ್ಲ, ವೇಷವನ್ನು ಮೈಯ ಚರ್ಮ ಅಂತ ನಂಬಿಸುವವನನ್ನು. ಚೌಡಯ್ಯ ‘ನಾನು ವೇಷ ಹಾಕಿದ್ದೇನೆ’ ಅಂತ ಒಪ್ಪಿಕೊಂಡೇ ಊರೊಳಗೆ ಬರುತ್ತಾನೆ. ಇವತ್ತಿಗೂ ನಮ್ಮ ಹಳ್ಳಿಗಳಿಗೆ ಹಗಲುವೇಷದವರು ಬಂದಾಗ ಇದನ್ನು ಕಾಣಬಹುದು. ರಾಮನ ವೇಷದವನಿಗೆ ಮುದುಕಿಯರು ಕೈಮುಗಿಯುತ್ತಾರೆ. ಅವನು ಬೀಡಿ ಸೇದುವವನು ಅಂತ ಅವರಿಗೂ ಗೊತ್ತು. ಕೈಮುಗಿದ ಮೇಲೆ ಮೊರದಲ್ಲಿ ಜೋಳ ಹಾಕುತ್ತಾರೆ. ಯಾರಿಗೂ ಮೋಸವಾಗಿಲ್ಲ. ಮೋಸವಾಗುವುದು ವೇಷವನ್ನು ವೇಷ ಅಲ್ಲ ಅಂದಾಗ ಮಾತ್ರ. ಆ ಲೆಕ್ಕದಲ್ಲಿ ಮುಗಿಲಿಗೆ ಕೂದಲು ನಿಲ್ಲಿಸಿಕೊಂಡ ನೀನಾ, ಸಾದಾ ಮುಖ ಹೊತ್ತು ಬಂದು ಒಳಗೆ ಬೇರೇನೋ ಇಟ್ಟುಕೊಂಡವರಿಗಿಂತ ಪ್ರಾಮಾಣಿಕಳು. ಶಿವನಿಂದ ಏಸುವಿನ ಕಡೆಗೆ ಹೋದಳಲ್ಲ ಅಂದರೆ, ಹೋದದ್ದನ್ನೂ ಸ್ಟೇಜಿನ ಮೇಲೆ, ಎಲ್ಲರೆದುರೇ ಹೋದಳು.

ಇಷ್ಟಕ್ಕೆ ಮುಗಿಸಿದರೆ ಎಲ್ಲ ಥಳುಕಿನವರಿಗೂ ಸರ್ಟಿಫಿಕೇಟು ಕೊಟ್ಟ ಹಾಗಾಗುತ್ತದೆ. ಒಪ್ಪಿಕೊಂಡ ವೇಷ ಸುಳ್ಳಲ್ಲ, ಸರಿ. ಆದರೆ ಸುಳ್ಳಲ್ಲದ್ದೆಲ್ಲ ಭಕ್ತಿಯಾಗುವುದಿಲ್ಲ. ಇಲ್ಲಿಂದ ಮುಂದಿನದನ್ನು ನನ್ನ ಕಸುಬು ಕಲಿಸಿದೆ.

ಮೈಕು ಸೀಟಿ ಹೊಡೆಯುವುದನ್ನು ಎಲ್ಲರೂ ಕೇಳಿದ್ದೀರಿ. ಭಾಷಣದ ನಡುವೆ ‘ಕುಂಯ್’ ಅಂತ ಎದ್ದು ಕಿವಿ ಸೀಳುತ್ತದೆ. ಜನ ನನ್ನ ಕಡೆ ತಿರುಗಿ ನೋಡುತ್ತಾರೆ, ಮಷಿನ್ ಕೆಟ್ಟಿದೆ ಅಂದುಕೊಳ್ಳುತ್ತಾರೆ. ಮಷಿನ್ ಕೆಟ್ಟಿರುವುದಿಲ್ಲ. ಸ್ಪೀಕರಿನಿಂದ ಹೊರಟ ಸದ್ದು ಜನರ ಕಡೆ ಹೋಗದೆ ತಿರುಗಿ ಅದೇ ಮೈಕಿನೊಳಗೆ ಹೊಕ್ಕಿರುತ್ತದೆ. ಆಂಪ್ಲಿಫೈಯರ್ ಅದನ್ನು ಮತ್ತೆ ದೊಡ್ಡದು ಮಾಡಿ ಸ್ಪೀಕರಿಗೆ ಕಳಿಸುತ್ತದೆ, ಅದು ಮತ್ತೆ ಮೈಕಿಗೆ. ಕಣ್ಣು ಮಿಟುಕಿಸುವುದರೊಳಗೆ ಹಾಡುಗಾರನ ದನಿ ಸತ್ತು ಬರೀ ಸೀಟಿ ಉಳಿಯುತ್ತದೆ. ಸಾಮಾನು ಸಣ್ಣದಿರಲಿ ದೊಡ್ಡದಿರಲಿ, ರೋಗ ಒಂದೇ. ಉಪಾಯವೂ ಒಂದೇ: ಬಾಕ್ಸುಗಳನ್ನು ಹಾಡುಗಾರನಿಂದ ಮುಂದಕ್ಕೆ, ಜನರ ಕಡೆ ಮುಖ ಮಾಡಿ ಇಡಬೇಕು. ವಾಲ್ಯೂಮು ಇಳಿಸುವುದು ಎರಡನೆಯ ಮಾತು, ಮೊದಲನೆಯದು ದಿಕ್ಕು.

ಅಹಂಕಾರವನ್ನು ನಾನು ಅರ್ಥಮಾಡಿಕೊಂಡದ್ದು ಹೀಗೆ. ಅಹಂಕಾರ ಅಂದರೆ ಜೋರು ದನಿ ಅಲ್ಲ. ತನ್ನ ದನಿ ತನಗೇ ತಿರುಗಿ ಬಂದು ಹೊಕ್ಕುವುದು. ಗಟ್ಟಿಯಾಗಿ ಹಾಡುವವನಲ್ಲಿ ಅದು ಇರಲೇಬೇಕು ಅಂತಿಲ್ಲ, ಮೆತ್ತಗೆ ಮಾತಾಡುವವನಲ್ಲಿ ಇರಬಾರದು ಅಂತಲೂ ಇಲ್ಲ. ಬಿಳಿ ಬಟ್ಟೆ ಉಟ್ಟು, ಕಣ್ಣು ಮುಚ್ಚಿ, ವೈರಾಗ್ಯದ ಪದ ಹಾಡುವ ಮೊದಲು ನನ್ನ ಕಡೆ ಬಗ್ಗಿ “ಎಕೋ ಸ್ವಲ್ಪ ಜಾಸ್ತಿ ಇರಲಿ” ಅಂದವರನ್ನು ಕಂಡಿದ್ದೇನೆ. ಬಣ್ಣದ ಲುಂಗಿ, ಗೆಜ್ಜೆ ಕಟ್ಟಿ ಗಿಟಾರು ಹಿಡಿದು ಹಾಡುವ ರಘು ದೀಕ್ಷಿತರನ್ನು ನೋಡಿ ನಮ್ಮ ಆರ್ಕೆಸ್ಟ್ರಾ ಹುಡುಗರೂ ಅದೇ ವೇಷದಲ್ಲಿ ಶಿಶುನಾಳ ಶರೀಫರ ಪದ ಹಾಡುತ್ತಾರೆ. ಅವರಲ್ಲಿ ಒಬ್ಬ ಹಾಡುವಾಗ ಮುಂದೆ ಕೂತ ಕೂಲಿ ಹೆಣ್ಣುಮಕ್ಕಳು ಸೆರಗು ಬಾಯಿಗೆ ಹಿಡಿದದ್ದನ್ನೂ ಕಂಡಿದ್ದೇನೆ. ಬಟ್ಟೆಯಿಂದ ಏನೂ ತಿಳಿಯುವುದಿಲ್ಲ.

ಈಗ ನಮ್ಮ ಬಾದಶಹನಿಗೆ ಬರೋಣ. ಸೀಟಿ ಹೊಡೆಯಲು ಬೇಕಾದ ಎಲ್ಲ ಅನುಕೂಲವೂ ಅವನಿಗಿತ್ತು. ಪಂಕ್ ಹಾಡುಗಾರ ಹಿಡಿಸದಿದ್ದರೆ ಮುಂದಿನ ಸಾಲಿನವರು ಕೂಗಿ ಇಳಿಸುತ್ತಿದ್ದರು. ಬಾದಶಹನನ್ನು ಇಳಿಸುವವರು ಯಾರು? ಅವನ ಪುಸ್ತಕಕ್ಕೆ ಪರ್ಷಿಯಾದಿಂದ ಬಂದ ಕವಿ ಜುಹೂರಿ ಮುನ್ನುಡಿ ಬರೆದ. ಅದು ಹೊಗಳಿಕೆಗೇ ಹೆಸರಾದ ಗದ್ಯ. ಅರಮನೆಯ ಗೋಡೆಗಳೆಲ್ಲ ಅವನ ಕಡೆ ಮುಖ ಮಾಡಿದ ಬಾಕ್ಸುಗಳೇ. 1599ರಲ್ಲಿ ಊರಿನ ಪಶ್ಚಿಮಕ್ಕೆ, ಈಗ ತಿಕೋಟಾಕ್ಕೆ ಹೋಗುವ ದಾರಿಯ ತೊರವಿಯ ಬಳಿ, ನೌರಸಪುರ ಕಟ್ಟಿಸಲು ಕೈಹಾಕಿದ. ತೊರವೆ ರಾಮಾಯಣದ ಕುಮಾರ ವಾಲ್ಮೀಕಿಯ ನರಸಿಂಹ ಇರುವ ಊರು ಅದು. ಕಾವ್ಯ ಹುಟ್ಟಿದ ನೆಲದಲ್ಲೇ ಸಂಗೀತದ ನಗರ ಏಳಬೇಕಿತ್ತು. ಏಳಲಿಲ್ಲ. 1624ರಲ್ಲಿ ಅಹಮದನಗರದ ಮಲಿಕ್ ಅಂಬರ್ ದಂಡೆತ್ತಿ ಬಂದು ಅದನ್ನು ಲೂಟಿಮಾಡಿ ಹಾಳುಗೆಡವಿದ. ಮೂರು ವರ್ಷದ ಮೇಲೆ ಬಾದಶಹನೂ ತೀರಿಕೊಂಡ. ಈಗ ಉಳಿದದ್ದು ಸಂಗೀತ ಮಹಲಿನ ಎತ್ತರದ ಕಮಾನುಗಳು. ನವರಸಪುರ ಉತ್ಸವ ಅಂತ ಸರ್ಕಾರ ಅವನ ಊರಿನ ಹೆಸರಿನಲ್ಲೇ ಹಬ್ಬ ಮಾಡಿದ್ದೂ ಇದೆ. ಆ ಕಮಾನಿನ ಕೆಳಗೆ ನಿಂತು ಒಂದು ಚಪ್ಪಾಳೆ ತಟ್ಟಿ ಸದ್ದು ಎಲ್ಲಿಗೆ ಹೋಗುತ್ತದೆ ನೋಡಿದೆ, ಕಸುಬಿನ ಚಾಳಿ. ಸೂರಿಲ್ಲದ ಕಡೆಯಿಂದ ಅರ್ಧ ಸದ್ದು ಹೊಲದ ಕಡೆ ಹೋಯಿತು.

ಅದೇ ತಿಕೋಟಾ ತಾಲ್ಲೂಕಿನ ಬಿಜ್ಜರಗಿಯಲ್ಲಿ ಹುಟ್ಟಿದವರು ಜ್ಞಾನಯೋಗಾಶ್ರಮದ ಸಿದ್ಧೇಶ್ವರ ಸ್ವಾಮೀಜಿ. ಅವರದು ಇವೆಲ್ಲಕ್ಕೂ ಉಲ್ಟಾ. ಬಿಳಿ ಅಂಗಿ, ಆ ಅಂಗಿಗೆ ಜೇಬಿಲ್ಲ. ಪದ್ಮಶ್ರೀ ಬಂದರೆ ಬೇಡ ಅಂದರು, ಗೌರವ ಡಾಕ್ಟರೇಟೂ ಬೇಡ ಅಂದರು. 2023ರ ಜನವರಿ 2ರಂದು ದೇಹ ಬಿಟ್ಟಾಗ ಅವರು ಮೊದಲೇ ಬರೆದಿಟ್ಟ ಪತ್ರ ಹೊರಗೆ ಬಂತು: ದೇಹವನ್ನು ಹೂಳುವುದು ಬೇಡ, ಸುಡಬೇಕು, ಬೂದಿಯನ್ನು ನೀರಿಗೆ ಬಿಡಬೇಕು, ಸ್ಮಾರಕ ಕಟ್ಟಬಾರದು. ಇಬ್ರಾಹಿಂ ರೋಜಾ ಇರುವ ಊರಿನಲ್ಲಿ, ಗೋಳಗುಮ್ಮಟದ ನೆರಳಿನಲ್ಲಿ ಕೂತು ಒಬ್ಬರು ಸ್ಮಾರಕ ಬೇಡ ಅಂತ ಬರೆದರು. ಆ ಪತ್ರ ಓದಿ ಊರಿಗೆ ಊರೇ ಅತ್ತಿತು.

ಹಾಗಾದರೆ ಗೆದ್ದದ್ದು ಸರಳತೆ, ಸೋತದ್ದು ಆಡಂಬರ ಅಂತ ಹೇಳಿಬಿಡಬಹುದು. ಮಾಸ್ತರರು ಹಾಗೇ ಹೇಳಿದರು. ನನಗೆ ಹಾಗೆ ಕಾಣಲಿಲ್ಲ. ಸ್ವಾಮೀಜಿಯ ಅಂಗಿಯಲ್ಲಿ ದೊಡ್ಡದು ಅದರ ಬಿಳಿ ಬಣ್ಣವಲ್ಲ. ಬಿಳಿ ಬಟ್ಟೆ ನಮ್ಮ ಪುಢಾರಿಗಳೂ ಹಾಕುತ್ತಾರೆ, ಇಸ್ತ್ರಿ ಇನ್ನೂ ಗರಿಗರಿ ಇರುತ್ತದೆ. ದೊಡ್ಡದು ಜೇಬಿಲ್ಲದಿರುವುದು. ಬಂದ ಮರ್ಯಾದೆ, ಬಂದ ಹೊಗಳಿಕೆ ನಿಲ್ಲಲು ಅಲ್ಲಿ ಜಾಗವೇ ಇರಲಿಲ್ಲ. ಬಂದದ್ದು ಹಾಗೇ ದಾಟಿ ಹೋಗುತ್ತಿತ್ತು. ಜರತಾರಿ ನಿಲುವಂಗಿಗೂ ಜೇಬಿಲ್ಲದೆ ಇರಬಹುದು. ಮುಗಿಲಿಗೆ ನಿಂತ ಕೂದಲಿನ ಕೆಳಗೂ ಅಂಥ ಒಂದು ತಲೆ ಇರಬಹುದು. ಸರಳತೆ ಒಂದು ದಾರಿ, ಹತ್ತಿರದ ದಾರಿ, ಜಾರಿಬೀಳುವುದು ಕಡಿಮೆ. ಅದೊಂದೇ ದಾರಿ ಅಂದರೆ ಬಹುರೂಪಿ ಚೌಡಯ್ಯನನ್ನು ಕಲ್ಯಾಣದಿಂದ ಹೊರಗೆ ಹಾಕಿದ ಹಾಗಾಗುತ್ತದೆ.

ಇಬ್ರಾಹಿಮನ ಅಂಗಿಗೆ ಜೇಬಿತ್ತೇ? ಇತ್ತು, ಸಾಕಷ್ಟು ದೊಡ್ಡದೇ ಇತ್ತು. ಜಗದ್ಗುರು ಅನ್ನುವ ಹೆಸರನ್ನು ಅವನು ಬೇಡ ಅನ್ನಲಿಲ್ಲ. ಆದರೂ ಅವನ ಪರವಾಗಿ ಎರಡು ಸಾಕ್ಷಿ ಹೇಳುತ್ತೇನೆ. ಒಂದು ಅವನ ಪುಸ್ತಕದಿಂದಲೇ. ಅಷ್ಟು ದೊಡ್ಡ ರಾಜ್ಯದ ಒಡೆಯ ತನ್ನ ಗುರುತು ಹೇಳುವಾಗ ತಾನು ಮಗ ಅನ್ನುತ್ತಾನೆ. ವಿದ್ಯೆ ತನ್ನದಲ್ಲ, ತಾಯಿ ಕೊಟ್ಟದ್ದು ಅನ್ನುತ್ತಾನೆ. ಎಲ್ಲರ ಹೊಗಳಿಕೆ ತನ್ನ ಕಡೆ ಮುಖ ಮಾಡಿ ನಿಂತಿರುವಾಗ ಅವನು ತನ್ನ ಮುಖವನ್ನು ಬೇರೆ ಕಡೆ, ತನಗಿಂತ ದೊಡ್ಡವರ ಕಡೆ ಇಟ್ಟುಕೊಳ್ಳಲು ಹೆಣಗಿದ್ದಾನೆ. ಸರಸ್ವತಿ, ಪ್ರವಾದಿ, ಬಂದೇನವಾಜ್ ಒಂದೇ ಪುಸ್ತಕದಲ್ಲಿ ಬಂದದ್ದು ನನಗೆ ಹೀಗೆ ಅರ್ಥವಾಗುತ್ತದೆ: ಅವನಿಗೆ ಕೈಮುಗಿಯಲು ಜನ ಬೇಕಾಗಿದ್ದರು, ಸಿಕ್ಕ ಕಡೆಯೆಲ್ಲ ಹುಡುಕಿದ.

ಎರಡನೆಯದು ಇನ್ನೂ ಸಣ್ಣದು, ನನ್ನಂಥವನಿಗೆ ಇನ್ನೂ ದೊಡ್ಡದು. ಅಕ್ಬರನ ರಾಯಭಾರಿ ಅಸದ್ ಬೇಗ್ 1604ರ ಹೊತ್ತಿಗೆ ವಿಜಯಪುರಕ್ಕೆ ಬಂದಿದ್ದ. ನಮ್ಮ ಊರಿನ ಪೇಟೆ ನೋಡಿ ಬೆರಗಾಗಿ ಬರೆದವನು, ಇಲ್ಲಿಂದ ತಂಬಾಕು ಒಯ್ದು ಅಕ್ಬರನಿಗೆ ತೋರಿಸಿದವನು. ಅವನು ಬರೆದಿಟ್ಟ ಪ್ರಕಾರ ನಮ್ಮ ಬಾದಶಹ ಅವನ ಹತ್ತಿರ ಅಕ್ಬರನ ದಂಡಿನ ಲೆಕ್ಕ ಬಿಟ್ಟು ತಾನ್‌ಸೇನನ ಬಗ್ಗೆ ಕೇಳಿದ. ಅಕ್ಬರನ ಮುಂದೆ ತಾನ್‌ಸೇನ ನಿಂತು ಹಾಡುತ್ತಿದ್ದನೋ, ಕೂತು ಹಾಡುತ್ತಿದ್ದನೋ? ಹಗಲು ದರ್ಬಾರಿನಲ್ಲಿ ನಿಂತೇ ಹಾಡಬೇಕಿತ್ತು, ರಾತ್ರಿ ಮತ್ತು ಹಬ್ಬದ ದಿನ ಕೂರಬಹುದಿತ್ತು ಅಂತ ಉತ್ತರ ಬಂತು. ಅದಕ್ಕೆ ಬಾದಶಹ, ಸಂಗೀತವನ್ನು ಯಾವಾಗಲೂ ಕೇಳಬೇಕು, ಹಾಡುವವರನ್ನು ಸಂತೋಷದಿಂದ ಇಟ್ಟುಕೊಳ್ಳಬೇಕು ಅನ್ನುವ ಅರ್ಥದ ಮಾತಾಡಿದ.

ಈ ಪ್ರಶ್ನೆ ಬರೀ ಶೋಕಿ ಮಾಡುವವನ ಬಾಯಿಂದ ಬರುವುದಿಲ್ಲ. ಶೋಕಿ ಮಾಡುವವನು ತಾನು ಎಲ್ಲಿ ಕೂರಬೇಕು ಅಂತ ಕೇಳುತ್ತಾನೆ. ಇವನು ನೂರಾರು ಹರದಾರಿ ಆಚೆಗಿನ, ತಾನು ಕಾಣದ ಒಬ್ಬ ಹಾಡುಗಾರನ ಕಾಲು ನೋಯುತ್ತಿದ್ದವೋ ಏನೋ ಅಂತ ಕೇಳಿದ. ಆ ಒಂದು ಗಳಿಗೆಯಲ್ಲಿ ಬಾಕ್ಸು ಸರಿಯಾದ ದಿಕ್ಕಿಗೆ ತಿರುಗಿತ್ತು ಅಂತ ನಾನು ತಿಳಿಯುತ್ತೇನೆ.

ತಮ್ಮನ ಮಗನಿಗೆ ನಾನು ಕೊಟ್ಟ ಉತ್ತರ ಇಷ್ಟೇ. ಭಕ್ತಿ ಖರೆಯೋ ಸುಳ್ಳೋ ಅಂತ ತಿಳಿಯಲು ಬಟ್ಟೆ ನೋಡಬೇಡ, ದನಿ ಜೋರೋ ಮೆತ್ತಗೋ ನೋಡಬೇಡ, ಯಾವ ದೇವರು ಅಂತಲೂ ನೋಡಬೇಡ. ಹಾಡು ಮುಗಿದು ಚಪ್ಪಾಳೆ ಬೀಳುತ್ತದಲ್ಲ, ಆಗ ಹಾಡುಗಾರನನ್ನು ನೋಡು. ಕೆಲವರು ಕಣ್ಣು ಮುಚ್ಚಿ ಆ ಚಪ್ಪಾಳೆಯನ್ನೆಲ್ಲ ಕುಡಿಯುತ್ತಾರೆ. ಕೆಲವರು ಪೇಟಿಯವನ ಕಡೆ, ತಬಲಾದವನ ಕಡೆ ಕೈ ತೋರಿಸುತ್ತಾರೆ. ಎಂದೋ ಒಬ್ಬ, ವೈರಿನ ನಡುವೆ ಕೂತ ನನ್ನ ಕಡೆಯೂ ತೋರಿಸುತ್ತಾನೆ. ಅವನು ಎಷ್ಟೇ ಮಿರಿಮಿರಿ ಮಿಂಚುವ ಅಂಗಿ ತೊಟ್ಟಿರಲಿ, ಅವನು ಹಾಡಿದ್ದು ದೇವರಿಗೆ ಮುಟ್ಟಿದೆ ಅಂತಲೇ ನನ್ನ ಲೆಕ್ಕ.